ಹರೆಗುವಿನ ಆಣೆ

ಲಾರಿಯ ಮುಂದಿನ ಸೀಟಿನಲ್ಲಿ ಇಬ್ಬರು ಗಂಡಸರ ನಡುವೆ ಇರುಕಿಕೊಂಡು ಕೂತಿದ್ದ ಅಬ್ರೆಹೆತ್‌ಗೆ, ಈಗ ಖುಷಿಯಾಗಬೇಕಿತ್ತಲ್ಲ, ಯಾಕೆ ಆಗುತ್ತಿಲ್ಲ ಎನ್ನಿಸಿತು. ಇನ್ನೂ ಬೆಳಕು ಹರಿದಿರಲಿಲ್ಲ. ಅಸ್ಮರಾದ ಚಳಿ ಕಿಟಕಿಯ ಸಂದಿಯಿಂದ ನುಗ್ಗಿ ಮೊಣಕಾಲು ಕೊರೆಯುತ್ತಿತ್ತು. ಮಾಡಹೊರಟಿದ್ದು ಒಳ್ಳೆಯ ಕೆಲಸವೇ. ಮುದುಕಿ ಮೆದಿನ್ ಇಡೀ ವರ್ಷದಲ್ಲಿ ಬಾಯಿಬಿಟ್ಟು ಕೇಳಿದ್ದು ಒಂದೇ ಒಂದು: ಕೆರೆನ್‌ನಲ್ಲಿ ಮರದ ಪೊಟರೆಯೊಳಗೆ ಕೂತಿರುವ ಯೇಸುವಿನ ತಾಯಿ ಮರಿಯಮ್ಮನ ಜಾತ್ರೆಗೆ ಹೋಗಬೇಕು, ಮಗಳು ಹರೆಗು ಬೇಗ ಮನೆಗೆ ಬರಲಿ ಎಂದು ಹರಕೆ ಕಟ್ಟಬೇಕು. ದಳದ ಲಾರಿ ಇವತ್ತು ಸಿಮೆಂಟು ತರಲು ಕೆರೆನ್‌ಗೇ ಹೊರಟಿತ್ತು. ಡ್ರೈವರನನ್ನು ಒಪ್ಪಿಸಲು ಅಬ್ರೆಹೆತ್ ಅವನ ಎರಡು ಅಂಗಿ ಒಗೆದುಕೊಟ್ಟಿದ್ದಳು. ಅವನ ನಿಜವಾದ ಹೆಸರು ಯಾರಿಗೂ ಗೊತ್ತಿರಲಿಲ್ಲ. ನಾಡಿನ ಬಿಡುಗಡೆಯ ಹೋರಾಟಕ್ಕೆ ಸೇರಿದ ದಿನದಿಂದ ಎಲ್ಲರಿಗೂ ಅವನು ವೆದಿ ಕೆಶಿ, ಪಾದ್ರಿಯ ಮಗ. "ಮೇದಾದಲ್ಲಿ, ಯುದ್ಧದ ಗುಡ್ಡಗಳಲ್ಲಿ, ಇಷ್ಟು ವರ್ಷ ದೇವರಿಲ್ಲ ಅಂತ ಪಾಠ ಹೇಳಿಸಿಕೊಂಡೆ, ಈಗ ನೋಡು ಮರಿಯಮ್ಮನಿಗೆ ಗಾಡಿ ಹೊಡೀತಿದೀನಿ. ನಮ್ಮಪ್ಪ ಗೋರಿಯೊಳಗೇ ಮಗ್ಗುಲು ಬದಲಾಯಿಸಿ ನಗ್ತಿರ್ತಾನೆ," ಎಂದ ಅವನು. ಆ ಕಡೆ ಕೂತಿದ್ದ ಅಬೊಯ್ ಹಬ್ತು, ದಳದ ಅಡುಗೆಯ ಮುದುಕ, ದಪ್ಪ ಹೊದಿಕೆಯನ್ನು ತಲೆಯ ಮೇಲೆಳೆದುಕೊಂಡು ನಿದ್ದೆ ಮಾಡುತ್ತಿದ್ದ. ಅವನಿಗೆ ಕೆರೆನ್‌ನಲ್ಲಿ ತಂಗಿಯಿದ್ದಳು. ಎಲ್ಲರಿಗೂ ಹೋಗಲು ಒಂದೊಂದು ಮನೆಯಿದೆ ಎಂದುಕೊಂಡಳು ಅಬ್ರೆಹೆತ್. ತನಗೂ ಇದೆ, ಮೆದಿನ್ ಮನೆ.

ಹೋದ ವರ್ಷ ಇದೇ ದಿನಗಳಲ್ಲಿ ಯುದ್ಧ ಗೆದ್ದು ಅವರು ಊರಿಗೆ ಇಳಿದು ಬಂದಾಗ ಹೆಂಗಸರು ಬೀದಿಯುದ್ದಕ್ಕೂ ಕಾಳು ಎರಚಿದ್ದರು, ನಾಲಗೆ ಹೊರಳಿಸಿ ಹರ್ಷದ ಕೂಗು ಹಾಕಿ ಕುಣಿದಿದ್ದರು. ಅಬಾಶಾವುಲ್ ಕೇರಿಯ ಇಳಿಜಾರಿನಲ್ಲಿ ಒಬ್ಬ ಮುದುಕಿ ಅಬ್ರೆಹೆತ್‌ಳ ತೋಳು ಹಿಡಿದು ಎಳೆದುಕೊಂಡು ಹೋಗಿ ಮೋಟು ಮಣೆಯ ಮೇಲೆ ಕೂರಿಸಿ, ಬಿಸಿನೀರಿನ ಬೋಗುಣಿ ತಂದು ಕಾಲು ತೊಳೆಯತೊಡಗಿದಳು. ಬೇಡ ಅಮ್ಮಾ ಎಂದರೆ ಕೇಳಲಿಲ್ಲ. ಪ್ಲಾಸ್ಟಿಕ್ ಚಪ್ಪಲಿಯ ಪಟ್ಟಿಗಳನ್ನು ಒಂದೊಂದಾಗಿ ಬಿಡಿಸಿ, ಅದನ್ನೂ ತೊಳೆದು, ಒರೆಸಿ, ಗೋಡೆಗೆ ಒರಗಿಸಿಟ್ಟಳು. ಆಮೇಲೆ ಆ ಬೀದಿಯ ಪ್ರತಿಯೊಬ್ಬ ತಾಯಿಯೂ ಕೇಳುತ್ತಿದ್ದ ಪ್ರಶ್ನೆಯನ್ನು ಅವಳೂ ಕೇಳಿದಳು. "ನನ್ನ ಮಗಳು ಹರೆಗು, ಕೆನ್ನೆ ಮೇಲೆ ಸುಟ್ಟ ಕಲೆ ಇದೆ, ಜೋರಾಗಿ ನಗ್ತಾಳೆ. ನೋಡಿದ್ದೀಯೇನಮ್ಮ?" ಅಬ್ರೆಹೆತ್ ಗೋಡೆಗೆ ಒರಗಿದ್ದ ಚಪ್ಪಲಿಯನ್ನು ನೋಡಿದಳು. ಸತ್ತವರ ಹೆಸರನ್ನು ಎಲ್ಲ ಮನೆಗಳಿಗೂ ಒಂದೇ ದಿನ ಮುಟ್ಟಿಸಲಾಗುವುದು, ಒಂದು ಮನೆ ಅಳುವಾಗ ಪಕ್ಕದ ಮನೆ ಕುಣಿಯುವಂತಾಗಬಾರದು, ಅಲ್ಲಿಯವರೆಗೆ ಯಾರೂ ಬಾಯಿ ಬಿಡಕೂಡದು ಎಂದು ಹೋರಾಟ ನಡೆಸಿದ ಫ್ರಂಟಿನ ಅಪ್ಪಣೆಯಾಗಿತ್ತು. ಆ ದಿನ ಯಾವುದೆಂದು ಮಾತ್ರ ಯಾರಿಗೂ ಗೊತ್ತಿರಲಿಲ್ಲ. "ನೋಡಿದ್ದೀನಿ ಅಮ್ಮ. ನನ್ನ ದಳದವಳೇ. ಉತ್ತರದಲ್ಲಿ, ಸಾಹೆಲ್ ಕಡೆ ಇದಾಳೆ, ಅಲ್ಲಿ ಕೆಲಸ ಬಾಕಿ ಇದೆ. ಬರ್ತಾಳೆ," ಎಂದಳು. ಮುದುಕಿ ಒದ್ದೆ ಕೈಯಲ್ಲೇ ಅವಳ ಪಾದಕ್ಕೆ ಮುತ್ತಿಟ್ಟಳು.

ಆ ಚಪ್ಪಲಿ ಹರೆಗುವಿನದು. ಗುಡ್ಡದ ಆ ಕಡೆಯ ಇಳುಕಲಿನಲ್ಲಿ, ಗೆಲುವಿಗೆ ಇನ್ನೇನು ಗೇಣು ದಾರಿ ಉಳಿದಿದ್ದಾಗ, ಹರೆಗು ನೀರಿನ ಕ್ಯಾನು ಹೊತ್ತು ಮೇಲೆ ಹತ್ತುತ್ತಿದ್ದಳು. ಕ್ಯಾನು ಹೊರುವ ಸರದಿ ಅಬ್ರೆಹೆತ್‌ಳದು. ಚಪ್ಪಲಿಯ ಪಟ್ಟಿ ಕಿತ್ತಿದೆ, ಚಾಕು ಕಾಯಿಸಿ ಅಂಟಿಸಿಕೊಂಡು ಬರುತ್ತೇನೆ ಎಂದು ಅವಳು ಬಂಡೆಯ ಮರೆಯಲ್ಲಿ ಕೂತಳು, ನಿಜವಾಗಿ ಪಟ್ಟಿ ಕಿತ್ತಿತ್ತು, ಸುಳ್ಳಲ್ಲ, ಆದರೆ ಅದು ಹಿಂದಿನ ದಿನವೇ ಕಿತ್ತಿತ್ತು. ಹಾಗೆಯೇ ಎಳೆದುಕೊಂಡು ಓಡಾಡಿದ್ದಳಲ್ಲ, ಇನ್ನೊಂದು ಗಳಿಗೆ ಓಡಾಡಬಹುದಿತ್ತು. "ಕೂತ್ಕೋ ರಾಣಿ, ನಾನು ತರ್ತೀನಿ, ಋಣ ಇರಲಿ," ಎಂದು ಹರೆಗು ನಗುತ್ತ ಹೋದಳು. ಶೆಲ್ಲು ಬಿದ್ದ ಮೇಲೆ ಕ್ಯಾನಿನ ನೀರು ಅವಳ ಕಡೆಯಿಂದ ಇಳಿದು ಬಂಡೆಯ ಬುಡಕ್ಕೇ ಬಂತು. ಸತ್ತವರ ಮೈಮೇಲಿನ ಬಳಸುವಂಥದ್ದನ್ನು ಬದುಕಿದವರು ತೆಗೆದುಕೊಳ್ಳಬೇಕು, ಅದು ಅಲ್ಲಿನ ಪದ್ಧತಿ. ಅಬ್ರೆಹೆತ್ ಚಪ್ಪಲಿ ತೆಗೆದುಕೊಂಡಳು. ಸರಿಯಾಗಿ ಹೊಂದಿತು. ಅಳಕೂಡದು ಎನ್ನುವುದೂ ಅಲ್ಲಿನ ಪದ್ಧತಿಯೇ. ಮಣ್ಣು ಮುಚ್ಚಿ, ಒಂದು ಹಾಡು ಹೇಳಿ, ಕತ್ತಲಾಗುವ ಮೊದಲೇ ಹೊರಟುಬಿಟ್ಟರು.

ಆದರೆ ಅವಳನ್ನು ತಿನ್ನುತ್ತಿದ್ದುದು ಅದಲ್ಲ. ಯುದ್ಧದಲ್ಲಿ ಹೀಗಾಗುತ್ತದೆ, ಸರದಿ ಎಂಬುದು ಒಂದು ಮಾತು ಅಷ್ಟೇ ಎಂದು ಮನಸ್ಸಿಗೆ ಬುದ್ಧಿ ಹೇಳಿ ಸುಮ್ಮನಿರಿಸಬಹುದಿತ್ತು. ಬುದ್ಧಿಗೆ ಬಗ್ಗದೆ ಉಳಿದದ್ದು ಈ ಮೆದಿನ್ ಮನೆಯ ಊಟ. ಅಬ್ರೆಹೆತ್‌ಳ ತಾಯಿ ಎಂದೋ ತೀರಿಹೋಗಿದ್ದಳು. ಗಂಡಸರ ಜೊತೆ ಗುಡ್ಡದಲ್ಲಿ ಮಲಗಿ ಬಂದವಳು ಎಂದು ಅಪ್ಪ ಬಾಗಿಲಲ್ಲೇ ನಿಲ್ಲಿಸಿ ಮಾತಾಡಿಸಿ ಕಳಿಸಿದ್ದ. ಗುಡ್ಡದಲ್ಲಿ ದಳಕ್ಕೇ ಅಪ್ಪಣೆ ಕೊಡುತ್ತಿದ್ದವಳು ಈ ಊರಿನ ಅಂಗಡಿಗಳಲ್ಲಿ ಸಣ್ಣಗಾಗಿದ್ದಳು. ಗುಂಗುರು ಕೂದಲನ್ನು ಕತ್ತರಿಸಿಕೊಂಡ ಅವಳನ್ನು ನೋಡಿ ಹುಡುಗಿಯರು ಬಾಯಿಗೆ ಸೆರಗು ಒತ್ತಿಕೊಳ್ಳುತ್ತಿದ್ದರು. ಬ್ಯಾರಕ್ಕಿನಲ್ಲಿ ಮಂಚ, ಮಸೂರದ ಗಂಜಿ. ಭಾನುವಾರ ಬಂತೆಂದರೆ ಕಾಲು ತಾನಾಗಿ ಇಳಿಜಾರಿನ ಕಡೆ ತಿರುಗುತ್ತಿತ್ತು. ಮೆದಿನ್‌ಳನ್ನು ಅವಳು ಅದೆಯ್, ಅಮ್ಮ, ಎಂದೇ ಕರೆಯುತ್ತಿದ್ದಳು. ಮೆದಿನ್ ಮೆತ್ತನೆಯ ಹುಳಿರೊಟ್ಟಿ ಹಾಸಿ, ಮೇಲೆ ಕಡಲೆ ಹಿಟ್ಟಿನ ಶಿರೊ ಸುರಿದು, ತನ್ನ ಕೈಯಿಂದ ಮೊದಲ ತುತ್ತನ್ನು ಅವಳ ಬಾಯಿಗಿಡುತ್ತಿದ್ದಳು. ಬದಲಿಗೆ ಕೇಳುತ್ತಿದ್ದುದು ಒಂದೇ, ಹರೆಗುವಿನ ಸುದ್ದಿ. ಮೊದಮೊದಲು ಸುಳ್ಳು ಗಂಟಲಲ್ಲಿ ಸಿಕ್ಕಿಕೊಳ್ಳುತ್ತಿತ್ತು. ಆಮೇಲೆ ಸಲೀಸಾಯಿತು. ಆಮೇಲೆ, ಇದನ್ನು ನೆನೆದರೆ ಅವಳಿಗೆ ತನ್ನ ಮೇಲೆಯೇ ಹೇಸಿಗೆ, ರುಚಿ ಹತ್ತಿತು. ಹರೆಗು ಸಾಹೆಲ್‌ನಲ್ಲಿ ಲಾರಿ ಓಡಿಸಲು ಕಲಿತಳು. ಕಲಿಯುವಾಗ ಒಂದು ಒಂಟೆಗೆ ಗುದ್ದಿದಳು. ದಪ್ಪಗಾಗಿದ್ದಾಳೆ. ಮೆದಿನ್ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು, "ಒಂಟೆಗೆ! ಅವಳಪ್ಪನೂ ಹಾಗೇ, ಕಣ್ಣು ಬಿಟ್ಕೊಂಡೇ ಗುಂಡಿಗೆ ಬೀಳ್ತಿದ್ದ!" ಎಂದು ಇನ್ನೊಂದು ತುತ್ತು ಕೊಡುತ್ತಿದ್ದಳು. ಸತ್ತವಳ ಎಲೆಯ ಮುಂದೆ ಕೂತು ಅವಳ ಪಾಲು ಉಣ್ಣುತ್ತಿದ್ದೇನೆ ಎಂದು ಅಬ್ರೆಹೆತ್‌ಗೆ ಗೊತ್ತಿತ್ತು. ಫ್ರಂಟು ಹೆಸರು ಹೇಳುವ ದಿನಕ್ಕೆ ಅವಳು ಹೆದರುತ್ತಿದ್ದುದು ಮುದುಕಿಯ ಎದೆ ಒಡೆಯುತ್ತದೆಂದು ಮಾತ್ರವಲ್ಲ. ಆ ದಿನದ ನಂತರ ಆ ಮನೆಗೆ ತಾನು ಯಾರು?

"ಇದೇ ತಿರುವಾ?" ಎಂದು ವೆದಿ ಕೆಶಿ ಲಾರಿ ನಿಲ್ಲಿಸಿದ. ಮುಂದಿನ ಓಣಿ ಕಿರಿದು. ಮುದುಕಿಯ ಗಂಟು ಹೊರಲು ಒಬ್ಬರು ಬೇಕು, ಲಾರಿ ಹತ್ತಿಸಲು ಇಬ್ಬರು ಬೇಕು ಎಂದು ಮೂವರೂ ಇಳಿದರು. ಅಬೊಯ್ ಹಬ್ತು ಹೊದಿಕೆಯನ್ನು ಇನ್ನಷ್ಟು ಬಿಗಿಯಾಗಿ ಸುತ್ತಿಕೊಂಡ. ಬಿಳಿ ಗಡ್ಡ, ಕೈಯಲ್ಲಿ ಕೋಲು. ಅಕ್ಕಪಕ್ಕದವರ ನಿದ್ದೆ ಕೆಡಬಾರದೆಂದು ಮೆಲ್ಲಗೆ ನಡೆದರು. ಅಂಗಳದ ತಗಡಿನ ಗೇಟು ಆಗಲೇ ತೆರೆದಿತ್ತು. ಒಳಗೆ ಕಾಲಿಟ್ಟ ಅಬ್ರೆಹೆತ್‌ಗೆ ಮೊದಲು ಕಂಡದ್ದು ಗೋಡೆಯ ಉದ್ದಕ್ಕೂ ಬಿಳಿಬಿಳಿಯಾಗಿ ಏನೋ. ಕಣ್ಣು ಕತ್ತಲೆಗೆ ಹೊಂದಿದ ಮೇಲೆ ಹೆಂಗಸರು ಎಂದು ತಿಳಿಯಿತು. ಆ ವಠಾರದ ಹೆಂಗಸರೆಲ್ಲ ಬಿಳಿ ಮೇಲುವಸ್ತ್ರದ ಅಂಚನ್ನು ತಲೆಯ ಕಡೆಗೆ ಮಗುಚಿ ಹೊದ್ದು, ತುಟಿಪಿಟಕ್ಕೆನ್ನದೆ ನೆಲದ ಮೇಲೆ ಸಾಲಾಗಿ ಕೂತಿದ್ದರು. ಪಕ್ಕದ ಮನೆಯ ರಿಗಾತ್ ಎದ್ದು ಬಂದು ಅವಳ ಕೈ ಹಿಡಿದು ಪಿಸುಗುಟ್ಟಿದಳು. "ಬಂದ್ಯಾ ಮಗಳೇ. ಎಲ್ಲರಿಗೂ ಹೇಳಿದೀನಿ. ಅವಳಿಗೇನೂ ಗೊತ್ತಿಲ್ಲ, ಮಲಗಿದಾಳೆ. ನೀರು ಹಿಡಿದಿಟ್ಟಿದೀನಿ, ಎಚ್ಚರ ತಪ್ಪಿ ಬಿದ್ರೆ ಬೇಕಾಗುತ್ತೆ."

ಆಗ ಅಬ್ರೆಹೆತ್‌ಗೆ ತಾನು ನಿನ್ನೆ ಸಂಜೆ ನಲ್ಲಿಯ ಹತ್ತಿರ ರಿಗಾತಳಿಗೆ ಹೇಳಿದ ಮಾತು ನೆನಪಾಯಿತು. "ನಾಳೆ ಬೆಳಕು ಹರಿಯೋ ಮೊದಲು ಬರ್ತೀವಿ. ಅದೆಯ್ ಮೆದಿನ್‌ಗೆ ಹೇಳ್ಬೇಡಿ. ನೀವು ಎದ್ದು ಗೇಟು ತೆಗೆದಿಡಿ." ಅಷ್ಟೇ ಹೇಳಿದ್ದಳು. ಮುದುಕಿಗೆ ಅಚ್ಚರಿಯಾಗಲಿ ಎಂದು ಜಾತ್ರೆಯ ಮಾತು ಎತ್ತಿರಲಿಲ್ಲ. ರಿಗಾತಳ ಮುಖ ಕಪ್ಪಿಟ್ಟಿದ್ದು, ಕೊಡ ತುಂಬಿ ಹರಿದರೂ ಅವಳು ಎತ್ತದೆ ನಿಂತಿದ್ದು, ಎಲ್ಲ ಈಗ ಅರ್ಥವಾಯಿತು. ಸಾವಿನ ಸುದ್ದಿಯನ್ನು ಈ ನಾಡಿನಲ್ಲಿ ಹೀಗೆಯೇ ಮುಟ್ಟಿಸುವುದು. ಹಿಂದಿನ ದಿನ ನೆರೆಯವರ ಕಿವಿಯಲ್ಲಿ ಹಾಕಿ, ನಸುಕಿನಲ್ಲಿ ಒಬ್ಬ ಹಿರಿಯನನ್ನು ಮುಂದಿಟ್ಟುಕೊಂಡು ಬಂದು, ಅಂಗಳದಲ್ಲಿ ಸುಮ್ಮನೆ ಕೂರುವುದು. ಯಾರೂ ಬಾಯಿಬಿಟ್ಟು ಹೇಳಬೇಕಾದ್ದೇ ಇಲ್ಲ. ಬಾಗಿಲು ತೆಗೆದವರಿಗೆ ತಿಳಿದುಬಿಡುತ್ತದೆ. ಅವಳ ತಾಯಿ ಸತ್ತ ಸುದ್ದಿ ಅವಳಜ್ಜಿಗೆ ಮುಟ್ಟಿದ್ದೂ ಹೀಗೆಯೇ. ತಾನು ಅಜ್ಜಿಯ ಬೆನ್ನ ಹಿಂದೆ ನಿಂತು ನೋಡಿದ್ದಳು. ಮರೆತಿದ್ದಳು. ಇಷ್ಟು ಜನರನ್ನು ಹಾಡು ಹೇಳಿ ಹೂಳಿದ ಮೇಲೆ ಯಾರಿಗೆ ನೆನಪಿರುತ್ತದೆ? ಅಥವಾ ಮರೆತಿರಲಿಲ್ಲವೋ? ನಲ್ಲಿಯ ಬಳಿ ಆ ಮಾತುಗಳು ಎಷ್ಟು ಸರಾಗವಾಗಿ ಬಂದವು, ಮೊದಲೇ ಬಾಯಿಪಾಠ ಮಾಡಿಕೊಂಡ ಹಾಗೆ. "ರಿಗಾತ್ ಅಕ್ಕಾ, ಇದು ಅದಲ್ಲ, ನಾವು ಕೆರೆನ್‌ಗೆ..." ಎಂದು ಅವಳು ಶುರುಮಾಡುವಷ್ಟರಲ್ಲಿ ಬಾಗಿಲು ಕಿರುಗುಟ್ಟಿತು.

ಮೆದಿನ್ ಹೊಸ್ತಿಲ ಮೇಲೆ ನಿಂತಿದ್ದಳು. ತಲೆಗೂದಲು ಬಿಚ್ಚಿತ್ತು, ಕೈಯಲ್ಲಿ ಇದ್ದಿಲು ತುಂಬಲು ತಂದ ತಗಡಿನ ಒಲೆ. ಅವಳು ಹೆಂಗಸರನ್ನು ನೋಡಿದಳು, ಕೋಲು ಹಿಡಿದ ಮುದುಕನನ್ನು ನೋಡಿದಳು, ಕೊನೆಗೆ ಅಬ್ರೆಹೆತ್‌ಳನ್ನು ನೋಡಿದಳು. ಒಂದು ಗಳಿಗೆ ಹಾಗೇ ನಿಂತಿದ್ದಳು. ಆಮೇಲೆ ಒಲೆ ಕೈಬಿಟ್ಟು ಕಲ್ಲಿನ ಮೇಲೆ ಬಿತ್ತು; ಮುದುಕಿ ಎರಡೂ ಕೈಯಿಂದ ಎದೆಗೆ ಗುದ್ದಿಕೊಂಡು, "ಹರೆಗೂ! ನನ್ನ ಕೂಸೇ! ನನ್ನ ಮನೆಯ ದೀಪವೇ!" ಎಂದು ಕೂಗಿದ ಕೂಗಿಗೆ ಓಣಿಯ ನಾಯಿಗಳೆಲ್ಲ ಎದ್ದವು. ಕಾದು ಕೂತಿದ್ದ ಹೆಂಗಸರು ಒಮ್ಮೆಲೇ ದನಿಗೂಡಿಸಿದರು. ಅಬ್ರೆಹೆತ್‌ಳ ಮೈಯೆಲ್ಲ ಒಂದು ವಿಚಿತ್ರ ನೆಮ್ಮದಿಯಿಂದ ಬೆಚ್ಚಗಾಯಿತು. ಹರೆಗುವಿಗಾಗಿ ಇಷ್ಟು ದಿನ ಯಾರೂ ಅತ್ತಿರಲಿಲ್ಲ. ಈಗ ಅಳುತ್ತಿದ್ದಾರೆ. ಯಾರೂ ಅಪ್ಪಣೆ ಮೀರಲಿಲ್ಲ, ಯಾರೂ ಬಾಯಿ ಬಿಡಲಿಲ್ಲ, ಸತ್ಯ ತಾನಾಗಿ ಅಂಗಳಕ್ಕೆ ಬಂದು ಕೂತಿತು. ಸುಮ್ಮನಿದ್ದರೆ ಸಾಕು. ತಾನೂ ಆ ಸಾಲಿನಲ್ಲಿ ಕೂತು, ಗುಡ್ಡದ ಇಳುಕಲಿನಲ್ಲಿ ನುಂಗಿಕೊಂಡದ್ದನ್ನು ಕೂಗಿಬಿಡಬಹುದು. ಬಾಯಿ ತೆರೆದಳು ಕೂಡ.

"ಏನು ಕಥೆ ಇದು?" ಎಂದು ವೆದಿ ಕೆಶಿ ಹಿಂದಿನಿಂದ ಅವಳ ತೋಳು ಹಿಡಿದು ಅಲುಗಿಸಿದ. "ಯಾರು ಹೇಳಿದ್ದು ಇವರಿಗೆ? ನೀನಾ? ಅಪ್ಪಣೆ ಏನಿದೆ ಗೊತ್ತಿಲ್ವಾ ನಿಂಗೆ? ನಿಲ್ಲಿಸು ಮೊದಲು." ಅವನು ಹೇಳಿದ್ದಕ್ಕೆ ಅವಳು ನಿಲ್ಲಿಸಿದಳೇ? ಅಪ್ಪಣೆಯ ಭಯಕ್ಕೇ? ಆ ಗಳಿಗೆಯಲ್ಲಿ ಅವಳ ಕಣ್ಣಿಗೆ ಬಿದ್ದದ್ದು ಮೆದಿನ್‌ಳ ಹಿಂದೆ ತೆರೆದಿದ್ದ ಬಾಗಿಲು, ಒಳಗಿನ ಮೋಟು ಮಣೆ, ತನಗೆಂದು ಮುದುಕಿ ಗೂಟಕ್ಕೆ ತೂಗುಹಾಕಿದ್ದ ಹೊಸ ಬಿಳಿ ಮೇಲುವಸ್ತ್ರ. ಮುಂದಿನ ಭಾನುವಾರ ಎಲ್ಲಿಗೆ ಹೋಗುವುದು ಎಂದು ಅವಳಿಗೆ ಅನ್ನಿಸಿತು. ಎಷ್ಟು ಸಣ್ಣ ಯೋಚನೆ. ಅದನ್ನು ಯೋಚಿಸಿದ್ದು ತಾನೇ ಎಂದು ಅವಳು ಯಾವತ್ತೂ ಮರೆಯುವಂತಿರಲಿಲ್ಲ. ಅವಳು ಹೆಂಗಸರನ್ನು ಸರಿಸಿಕೊಂಡು ಹೋಗಿ ಮೆದಿನ್‌ಳ ಎರಡೂ ಕೈಗಳನ್ನು ಬಿಗಿಯಾಗಿ ಹಿಡಿದಳು. "ಅದೆಯ್! ಅದೆಯ್, ಕೇಳು ಇಲ್ಲಿ! ಹರೆಗು ಬದುಕಿದಾಳೆ. ನಿನ್ನನ್ನ ಕೆರೆನ್‌ಗೆ ಕರ್ಕೊಂಡು ಹೋಗೋಕೆ ಬಂದಿದ್ವಿ, ಜಾತ್ರೆಗೆ! ಲಾರಿ ತಂದಿದೀವಿ. ಇವರು ತಪ್ಪು ತಿಳ್ಕೊಂಡ್ರು."

ಅಳು ಒಮ್ಮೆಲೇ ನಿಲ್ಲಲಿಲ್ಲ. ಮಳೆ ನಿಂತ ಮೇಲೂ ಸೂರು ತೊಟ್ಟಿಕ್ಕುವ ಹಾಗೆ ಅಲ್ಲೊಂದು ಇಲ್ಲೊಂದು ಬಿಕ್ಕು ಉಳಿಯಿತು. ಮೆದಿನ್ ಉಸಿರೆಳೆದುಕೊಳ್ಳುತ್ತ ಅವಳ ಮುಖವನ್ನು ಅಂಗೈಯಿಂದ ತಡವಿದಳು. "ಆಣೆ ಇಡು," ಎಂದಳು. "ಹರೆಗು ಮೇಲೆ ಆಣೆ ಇಡು." ಪ್ರಾಣಕ್ಕಿಂತ ಹೆಚ್ಚಾದವರ ಸಾವನ್ನು ಬಾಯಲ್ಲಿ ಆಡಿ ಆಣೆ ಇಟ್ಟರೆ ಅದರ ಮೇಲೆ ಮತ್ತೆ ಯಾರೂ ಮಾತಾಡುವುದಿಲ್ಲ, ಅಂಥ ಆಣೆಯನ್ನು ಸುಳ್ಳಿಗೆ ಇಡುವ ಎದೆ ಯಾರಿಗೂ ಇರುವುದಿಲ್ಲ. ಅಂಗಳ ಕಾಯಿತು. ಅಬ್ರೆಹೆತ್‌ಳ ನಾಲಗೆ ತೊಡರಲಿಲ್ಲ. "ನಾನು ಹೇಳಿದ್ದು ಸುಳ್ಳಾದ್ರೆ ಹರೆಗು ಸಾಯ್ಲಿ," ಎಂದಳು. ಅವಳಿಗೆ ಅದರಿಂದ ಏನೂ ನಷ್ಟವಾಗಲಿಲ್ಲ. ಹರೆಗು ಇನ್ನೊಂದು ಸಲ ಸಾಯುವಂತಿರಲಿಲ್ಲ. ತನ್ನಷ್ಟು ಅಗ್ಗವಾಗಿ ಆಣೆ ಇಟ್ಟವರು ಈ ನಾಡಿನಲ್ಲಿ ಯಾರಾದರೂ ಇದ್ದಾರೆಯೇ ಎಂದುಕೊಂಡಳು, ನಾಚಿಕೆಯಿಂದ ಅವಳ ಕಿವಿ ಸುಡುತ್ತಿತ್ತು.

ಮುದುಕಿ ಮೊದಲು ಅವಳ ಕೆನ್ನೆಗೆ ಒಂದು ಬಿಟ್ಟಳು. ಆಮೇಲೆ ತಬ್ಬಿಕೊಂಡಳು. ಆಮೇಲೆ ನಗತೊಡಗಿದಳು, ಮೂಗು ಸೋರುತ್ತಿದ್ದರೂ ಒರೆಸಿಕೊಳ್ಳದೆ. ಹೆಂಗಸರು ಸಾವಿನ ಗುರುತಾಗಿ ಮಗುಚಿದ್ದ ಅಂಚನ್ನು ಮತ್ತೆ ಕೆಳಗೆ ತಿರುಗಿಸಿಕೊಳ್ಳುತ್ತ, ನಿದ್ದೆ ಕೆಟ್ಟದ್ದರ ಸಿಟ್ಟನ್ನೆಲ್ಲ ಅಬ್ರೆಹೆತ್‌ಳ ಮೇಲೆ ತೀರಿಸಿಕೊಂಡರು. "ಬಂದೂಕು ಹಿಡಿಯೋದು ಕಲಿಸಿದ್ರು, ಒಂದು ಬಾಗಿಲು ತಟ್ಟೋದು ಕಲಿಸಲಿಲ್ಲ ನೋಡು ಇವಳಿಗೆ!" ಎಂದಳು ಒಬ್ಬಳು. "ಜಾತ್ರೆಗೆ ಕರೆಯೋಕೆ ಬಂದವಳು ಶವಯಾತ್ರೆ ಹೊರಡಿಸ್ತಿದ್ದಳಲ್ಲೇ!" ಎಂದಳು ಇನ್ನೊಬ್ಬಳು. ಎಲ್ಲರೂ ಬೇಕಾದ್ದಕ್ಕಿಂತ ಜೋರಾಗಿ ನಕ್ಕರು. ರಿಗಾತ್ ಮಾತ್ರ ನಗಲಿಲ್ಲ. ಅವಳು ನೀರಿನ ಕೊಡ ಎತ್ತಿಕೊಳ್ಳುತ್ತ ಅಬ್ರೆಹೆತ್‌ಳನ್ನೇ ನೋಡಿದಳು. ಅವಳ ಮಗನೂ ಮೇದಾದಿಂದ ಇನ್ನೂ ಬಂದಿರಲಿಲ್ಲ. "ಆಣೆ ಇಟ್ಟಿದೀಯ. ನಂಬಿದೀನಿ," ಎಂದು ಹೇಳಿ, ತಲೆ ತಗ್ಗಿಸಿ ಮನೆಗೆ ಹೋದಳು. ಲಾರಿಗೆ ವಾಪಸಾದ ವೆದಿ ಕೆಶಿ ಹಾರ್ನು ಹಾಕಿದಾಗ ಮೆದಿನ್ ಕೈಯಾಡಿಸಿಬಿಟ್ಟಳು. "ಹೋಗ್ಲಿ ಬಿಡು ಮಗಳೇ, ನನ್ನ ಕಾಲಲ್ಲಿ ಈಗ ಶಕ್ತಿ ಇಲ್ಲ. ಮರಿಯಮ್ಮ ಇಲ್ಲಿಗೇ ಬಂದು ಉತ್ತರ ಕೊಟ್ಟಳಲ್ಲ. ಕಾಫಿ ಕುಡಿಯೋಣ ಬಾ." ಅಬೊಯ್ ಹಬ್ತು ಮತ್ತು ವೆದಿ ಕೆಶಿ ಹೊರಟುಹೋದರು.

ಮುದುಕಿ ಸೊಟ್ಟಗಾದ ಒಲೆಯನ್ನು ಕಲ್ಲಿನಿಂದ ಬಡಿದು ನೆಟ್ಟಗೆ ಮಾಡಿ ಇದ್ದಿಲು ಹೊತ್ತಿಸಿದಳು, ಬೀಜ ಹುರಿದಳು, ಹೊಗೆಯನ್ನು ಕೈಯಿಂದ ಅಬ್ರೆಹೆತ್‌ಳ ಮುಖಕ್ಕೆ ಬೀಸಿದಳು. ಮೊದಲ ಸುತ್ತಿನ ಕಾಫಿಯಲ್ಲಿ ಅವಳು ರಿಗಾತಳನ್ನು ಆಡಿಕೊಂಡು ನಕ್ಕಳು. ಎರಡನೆಯದಕ್ಕೆ ಮಾತು ನಿಂತಿತು. ಮಣ್ಣಿನ ಹೂಜಿಯನ್ನು ಮೂರನೆಯ ಸಲ ಕೆಂಡದ ಮೇಲಿಟ್ಟು, ಬಾಗಿಲ ಕಡೆ ನೋಡುತ್ತ ಕೂತಳು. ಹೇಳುವುದೋ ಬೇಡವೋ ಎಂದು ಅವಳ ತುಟಿ ಅಲುಗುತ್ತಿತ್ತು. ಇವಳಿಗೆ ತಿಳಿದಿದೆ, ಈಗ ಕೇಳುತ್ತಾಳೆ, ಕೇಳಿದರೆ ಹೇಳಿಬಿಡುತ್ತೇನೆ ಎಂದುಕೊಂಡು ಅಬ್ರೆಹೆತ್ ಲೋಟವನ್ನು ಕೆಳಗಿಟ್ಟಳು. "ಅಬ್ರೆಹೆತ್," ಎಂದಳು ಮುದುಕಿ, "ಬಾಗಿಲು ತೆಗೆದಾಗ, ನಾನು ಕಿರುಚೋಕೆ ಮುಂಚೆ, ಒಂದು ಗಳಿಗೆ ಸುಮ್ಮನೆ ನಿಂತಿದ್ದೆನಲ್ಲ. ಆಗ ನಂಗೆ ಏನನ್ನಿಸ್ತು ಗೊತ್ತಾ? ಹಗುರ ಅನ್ನಿಸ್ತು. ಅಂತೂ ಮುಗೀತು ಅಂತ. ಇನ್ನು ರಾತ್ರಿ ಚಿಲಕ ಹಾಕ್ಕೊಂಡು ಮಲಗಬಹುದು ಅಂತ. ಅವಳು ಹೋದಾಗಿನಿಂದ ಈ ಬಾಗಿಲಿಗೆ ನಾನು ಚಿಲಕ ಹಾಕಿಲ್ಲ." ಅವಳು ಎರಡೂ ಕೈಯಿಂದ ಮುಖ ಮುಚ್ಚಿಕೊಂಡಳು. "ನನ್ನ ಮಗಳು ಅಲ್ಲಿ ಬದುಕಿದಾಳೆ, ನಾನಿಲ್ಲಿ ಅವಳು ಸತ್ತಳು ಅಂತ ಹಗುರ ಆಗಿದೀನಿ. ಎಂಥ ತಾಯಿ ನಾನು? ಹೆತ್ತ ಹೊಟ್ಟೆಗೆ ಬೆಂಕಿ ಬೀಳ್ಲಿ. ದೇವರು ನನ್ನನ್ನ ಕ್ಷಮಿಸ್ತಾನಾ?"

ನಿನ್ನದೇನೂ ತಪ್ಪಿಲ್ಲ ಎನ್ನಬೇಕಾದರೆ ಅಬ್ರೆಹೆತ್ ಉಳಿದದ್ದನ್ನೂ ಹೇಳಬೇಕಿತ್ತು. ಮೆದಿನ್ ಕಣ್ಣೊರೆಸಿಕೊಂಡು, ಮಂಡಿಯ ಮೇಲೆ ತೆವಳಿ ಹತ್ತಿರ ಬಂದು, ಯಾರಾದರೂ ಕೇಳಿಸಿಕೊಂಡಾರು ಎಂಬಂತೆ ದನಿ ತಗ್ಗಿಸಿದಳು.

"ಒಂದು ಮಾತು ಕೊಡು ನಂಗೆ. ಹರೆಗು ಬಂದ ಮೇಲೆ ಇದನ್ನ ಅವಳಿಗೆ ಹೇಳಬಾರದು. ಎಷ್ಟೇ ಸಲಿಗೆ ಇರ್ಲಿ, ನಗ್ತಾ ನಗ್ತಾನೂ ಹೇಳಬಾರದು. ಗೊತ್ತಾದ್ರೆ ನೊಂದ್ಕೋತಾಳೆ."

"ಇಲ್ಲ ಅದೆಯ್," ಎಂದಳು ಅಬ್ರೆಹೆತ್. "ಅವಳಿಗೆ ಯಾವತ್ತೂ ಹೇಳಲ್ಲ."

ಮುದುಕಿ ಅವಳ ಹಣೆಗೆ ಮುತ್ತಿಟ್ಟಳು.